ವಿಮಾನದ ಹೊಗೆ ಯಾರ ಲೆಕ್ಕಕ್ಕೆ?

ಒಂದು ಹೋಲಿಕೆಯಿಂದ ಶುರು ಮಾಡೋಣ. ಕರ್ನಾಟಕದಲ್ಲಿ ಶಕ್ತಿ ಯೋಜನೆ ಜಾರಿಯಾಗಿದ್ದು 2023ರ ಜೂನ್ 11ರಂದು. 500 ಕೋಟಿಯ ಉಚಿತ ಟಿಕೆಟ್ ಹರಿದಿದ್ದು 2025ರ ಜುಲೈ 14ರಂದು. ಅಂದರೆ ಒಂದು ರಾಜ್ಯದ ಹೆಣ್ಣುಮಕ್ಕಳು ಎರಡು ವರ್ಷ ಒಂದು ತಿಂಗಳಲ್ಲಿ ಸರ್ಕಾರಿ ಬಸ್ಸು ಹತ್ತಿದ್ದು 500 ಕೋಟಿ ಸಲ. ಇನ್ನು ಇಡೀ ಜಗತ್ತಿನ ಎಲ್ಲ ವಾಣಿಜ್ಯ ವಿಮಾನಗಳು ಸೇರಿ 2024ರಲ್ಲಿ ಸಾಗಿಸಿದ ಪ್ರಯಾಣಿಕರ ಸಂಖ್ಯೆ ಸುಮಾರು 480 ಕೋಟಿ.

ಹತ್ತು ಕಿಲೋಮೀಟರ್ ಬಸ್ ಪ್ರಯಾಣಕ್ಕೂ ಎರಡು ಸಾವಿರ ಕಿಲೋಮೀಟರ್ ಹಾರಾಟಕ್ಕೂ ಹೋಲಿಕೆ ಸರಿಯಲ್ಲ ಅಂತ ನೀವು ಹೇಳಬಹುದು. ದೂರದ ವಿಷಯದಲ್ಲಿ ಅದು ನಿಜ. ಆದರೆ ಈ ಎರಡರ ಬಗ್ಗೆ ನಾವು ಮಾತಾಡುವ ರೀತಿ ನೋಡಿ. ಬಸ್ಸಿನ ಟಿಕೆಟ್ಟಿಗೆ ಸರ್ಕಾರ ಎಷ್ಟು ಕೊಡುತ್ತಿದೆ, ಬೊಕ್ಕಸಕ್ಕೆ ಎಷ್ಟು ಹೊರೆ ಅನ್ನೋದು ಪ್ರತಿ ಬಜೆಟ್ಟಿನಲ್ಲೂ ಟಿವಿ ಚರ್ಚೆ. ವಿಮಾನಕ್ಕೆ ಯಾರು ಎಷ್ಟು ಕೊಡುತ್ತಿದ್ದಾರೆ, ಅದರ ಹೊಗೆಯನ್ನು ಯಾರ ಖಾತೆಗೆ ಬರೆಯುತ್ತಿದ್ದಾರೆ ಅಂತ ಚರ್ಚೆ ನಡೆದದ್ದನ್ನು ಎಲ್ಲಾದರೂ ನೋಡಿದ್ದೀರಾ?

480 ಕೋಟಿ ಟಿಕೆಟ್, 480 ಕೋಟಿ ಜನ ಅಲ್ಲ

ಜಗತ್ತಿನ ಜನಸಂಖ್ಯೆ 800 ಕೋಟಿ ದಾಟಿದೆ. ಹಾಗಾದರೆ ಅರ್ಧಕ್ಕಿಂತ ಹೆಚ್ಚು ಜನ ವಿಮಾನ ಹತ್ತಿದರಾ? ಇಲ್ಲ. ಈ ಅಂಕಿ ಎಣಿಸುವುದು ಹಾರಾಟಗಳನ್ನು, ಮನುಷ್ಯರನ್ನಲ್ಲ. ಬೆಂಗಳೂರಿಂದ ದುಬೈಗೆ, ಅಲ್ಲಿಂದ ಲಂಡನ್ನಿಗೆ, ವಾಪಸ್ ಅದೇ ದಾರಿಯಲ್ಲಿ ಬಂದವರು ನಾಲ್ಕು ಪ್ರಯಾಣಿಕರಾಗಿ ಲೆಕ್ಕಕ್ಕೆ ಸೇರುತ್ತಾರೆ.

ಮನುಷ್ಯರನ್ನು ಎಣಿಸಲು ಹೊರಟವರು ಸ್ಟೆಫಾನ್ ಗಾಸ್ಲಿಂಗ್ ಮತ್ತು ಆಂಡ್ರಿಯಾಸ್ ಹುಂಪೆ. 2020ರಲ್ಲಿ ಪ್ರಕಟವಾದ ಅವರ ಅಧ್ಯಯನದ ಪ್ರಕಾರ 2018ರಲ್ಲಿ ಜಗತ್ತಿನ ಶೇ 11ರಷ್ಟು ಜನ ಮಾತ್ರ ವಿಮಾನ ಹತ್ತಿದ್ದರು. ವಿದೇಶಕ್ಕೆ ಹಾರಿದವರು ಹೆಚ್ಚೆಂದರೆ ಶೇ 4. ವಾಣಿಜ್ಯ ವಿಮಾನಯಾನದ ಒಟ್ಟು ಇಂಗಾಲದಲ್ಲಿ ಅರ್ಧಕ್ಕಿಂತ ಹೆಚ್ಚಿನ ಪಾಲು ಜಗತ್ತಿನ ಶೇ 1ರಷ್ಟು ಜನರದ್ದು. ಕಾರು, ಕರೆಂಟು, ಸಿಮೆಂಟು ಯಾವುದರಲ್ಲೂ ಹಂಚಿಕೆ ಸಮ ಇಲ್ಲ, ಆದರೆ ಇಷ್ಟು ಕೆಟ್ಟದಾಗಿ ವಾಲಿರುವ ಇನ್ನೊಂದು ವಲಯ ಸಿಗುವುದು ಕಷ್ಟ.

ದೇಶ ದೇಶಗಳ ನಡುವೆಯೂ ಹಾಗೆಯೇ. ಅಮೆರಿಕದ ಜನಸಂಖ್ಯೆ ಸುಮಾರು 34 ಕೋಟಿ. ಅಲ್ಲಿ ವರ್ಷಕ್ಕೆ 80 ಕೋಟಿಗೂ ಹೆಚ್ಚು ದೇಶೀಯ ವಿಮಾನ ಪ್ರಯಾಣಗಳು ನಡೆಯುತ್ತವೆ. ತಲೆಗೆ ಎರಡಕ್ಕಿಂತ ಹೆಚ್ಚು. ಭಾರತದಲ್ಲಿ 2024ರಲ್ಲಿ ದೇಶೀಯ ಪ್ರಯಾಣಿಕರ ಸಂಖ್ಯೆ 16.13 ಕೋಟಿ. 140 ಕೋಟಿ ಜನರಿಗೆ ಹಂಚಿದರೆ ಒಂಬತ್ತು ಜನಕ್ಕೆ ವರ್ಷಕ್ಕೆ ಒಂದು ಟಿಕೆಟ್ ಸಿಗಬಹುದು. ಆ ಟಿಕೆಟ್ಟೂ ಹಾಗೆ ಹಂಚಿಕೆಯಾಗುವುದಿಲ್ಲ ಅನ್ನೋದು ನಿಮಗೇ ಗೊತ್ತು. ನಮ್ಮ ರೈಲುಗಳಲ್ಲಿ ವರ್ಷಕ್ಕೆ ನಡೆಯುವ ಪ್ರಯಾಣಗಳು ಸುಮಾರು 700 ಕೋಟಿ. ಆದರೂ ಭಾರತ ಜಗತ್ತಿನ ಮೂರನೇ ಅತಿದೊಡ್ಡ ದೇಶೀಯ ವಿಮಾನಯಾನ ಮಾರುಕಟ್ಟೆ ಅನ್ನೋ ಹೆಡ್‌ಲೈನನ್ನೇ ನಾವು ಹೆಚ್ಚು ಓದುತ್ತೇವೆ.

ಒಂದು ಕೆಜಿ ಸುಟ್ಟರೆ ಮೂರು ಕೆಜಿ

ಇಂಜಿನಿಯರಿಂಗ್ ಓದಿದ ಚಾಳಿ, ಒಂದು ಸಣ್ಣ ಲೆಕ್ಕ ಮಾಡದೆ ಮುಂದೆ ಹೋಗಲಾಗುವುದಿಲ್ಲ. ವಿಮಾನದ ಇಂಧನ ಅಂದರೆ ಹೆಚ್ಚುಕಡಿಮೆ ನಮ್ಮ ಸೀಮೆಎಣ್ಣೆಯೇ, ಇನ್ನಷ್ಟು ಶುದ್ಧ ಮಾಡಿದ್ದು. ಒಂದು ಕೆಜಿ ಸುಟ್ಟರೆ 3.16 ಕೆಜಿ ಇಂಗಾಲದ ಡೈಆಕ್ಸೈಡ್ ಬರುತ್ತದೆ. ಒಂದು ಕೆಜಿಯಿಂದ ಮೂರು ಕೆಜಿ ಹೇಗೆ? ಇಂಧನದಲ್ಲಿರುವ ಪ್ರತಿ ಇಂಗಾಲದ ಪರಮಾಣುವೂ ಗಾಳಿಯಿಂದ ಎರಡು ಆಮ್ಲಜನಕದ ಪರಮಾಣುಗಳನ್ನು ಎಳೆದುಕೊಳ್ಳುತ್ತದೆ. ಹೆಚ್ಚುವರಿ ತೂಕ ಬರುವುದು ಅಲ್ಲಿಂದ.

ಬೆಂಗಳೂರು–ದೆಹಲಿ ಹಾರಾಟ ಸುಮಾರು ಎರಡೂವರೆ ಗಂಟೆ. ಏರ್‌ಬಸ್ ಎ320 ನಿಯೋ ಮಾದರಿಯ ವಿಮಾನ ಇದಕ್ಕೆ 6 ಟನ್ ಇಂಧನ ಸುಡುತ್ತದೆ ಅಂದುಕೊಳ್ಳೋಣ. ಹೊರಬರುವ ಇಂಗಾಲದ ಡೈಆಕ್ಸೈಡ್ 19 ಟನ್. ಒಳಗೆ 160 ಜನ ಕೂತಿದ್ದರೆ ತಲೆಗೆ ಸುಮಾರು 120 ಕೆಜಿ. ರೈಲಿನಲ್ಲಿ ಹೋದರೆ ಇದರ ಸಣ್ಣದೊಂದು ಭಾಗ ಸಾಕು, ಆದರೆ ಒಂದೂವರೆ ದಿನ ಬೇಕು. ತುರ್ತು ಕೆಲಸ ಇರುವವರಿಗೆ ರೈಲಿನಲ್ಲಿ ಹೋಗಿ ಅಂತ ಉಪದೇಶ ಮಾಡುವುದು ಸುಲಭ. ಅದರಿಂದ ಆಗೋದೇನೂ ಇಲ್ಲ.

ಇನ್ನೊಂದು ತುದಿ ನೋಡಿ. 2021ರ ಜನವರಿಯಲ್ಲಿ ಏರ್ ಇಂಡಿಯಾ ಬೆಂಗಳೂರು–ಸ್ಯಾನ್ ಫ್ರಾನ್ಸಿಸ್ಕೋ ನಡುವೆ ನೇರ ವಿಮಾನ ಶುರು ಮಾಡಿದಾಗ ಕಾಕ್‌ಪಿಟ್‌ನಲ್ಲಿ ಬರೀ ಮಹಿಳೆಯರೇ ಇದ್ದರು, ಉತ್ತರ ಧ್ರುವದ ಮೇಲಿಂದ ಹಾರಿದರು. ನಾವೆಲ್ಲ ಹೆಮ್ಮೆಪಟ್ಟೆವು, ಪಡಬೇಕಾದದ್ದೇ. ದೂರ ಸುಮಾರು 14,000 ಕಿಲೋಮೀಟರ್. ಎಕಾನಮಿ ಸೀಟಿನಲ್ಲಿ ಕೂತು ಹೋಗಿ ಬಂದರೂ ಒಬ್ಬರ ಪಾಲಿನ ಇಂಗಾಲ 2 ಟನ್ ದಾಟುತ್ತದೆ. ಒಬ್ಬ ಸರಾಸರಿ ಭಾರತೀಯ ಇಡೀ ವರ್ಷ ಊಟ, ಕರೆಂಟು, ಓಡಾಟ ಎಲ್ಲಕ್ಕೂ ಸೇರಿ ಹೊರಬಿಡುವುದು ಸುಮಾರು 2 ಟನ್. ಬಿಸಿನೆಸ್ ಕ್ಲಾಸಿನಲ್ಲಿ ಮಲಗಿಕೊಂಡು ಹೋದರೆ ಜಾಗ ಜಾಸ್ತಿ ಹಿಡಿಯುವುದರಿಂದ ಪಾಲು ಮೂರು ಪಟ್ಟಿನಷ್ಟಾಗುತ್ತದೆ.

ಒಟ್ಟು ಲೆಕ್ಕಕ್ಕೆ ಬಂದರೆ, 2023ರಲ್ಲಿ ಜಗತ್ತಿನ ವಿಮಾನಗಳು ಹೊರಬಿಟ್ಟಿದ್ದು ಸುಮಾರು 95 ಕೋಟಿ ಟನ್ ಇಂಗಾಲದ ಡೈಆಕ್ಸೈಡ್. ಇಂಧನದಿಂದ ಬರುವ ಒಟ್ಟು ಇಂಗಾಲದಲ್ಲಿ ಇದು ಶೇ 2.5ರಷ್ಟು. ವಿಮಾನಯಾನ ಒಂದು ದೇಶ ಆಗಿದ್ದರೆ ಜರ್ಮನಿಗಿಂತ ದೊಡ್ಡ ಮಾಲಿನ್ಯಕಾರಿ ದೇಶ ಆಗಿರುತ್ತಿತ್ತು. "ಶೇ 2.5 ತಾನೇ, ಏನು ಮಹಾ?" ಅನ್ನೋದು ಉದ್ಯಮದ ಹಳೆಯ ವಾದ. ಆ ಶೇ 2.5 ಹುಟ್ಟುತ್ತಿರುವುದು ಜಗತ್ತಿನ ಹತ್ತರಲ್ಲಿ ಒಬ್ಬರ ಓಡಾಟದಿಂದ ಅನ್ನೋದನ್ನು ಆ ವಾದ ಹೇಳುವುದಿಲ್ಲ.

ಅದೂ ಅಲ್ಲದೆ ವಿಮಾನ ಬಿಸಿ ಮಾಡುವುದು ಇಂಗಾಲದಿಂದ ಮಾತ್ರ ಅಲ್ಲ. ಹಳ್ಳಿಗಳಲ್ಲಿ ಮಕ್ಕಳು "ರಾಕೆಟ್ ರಾಕೆಟ್" ಅಂತ ಕೂಗುತ್ತಾರಲ್ಲ, ವಿಮಾನದ ಹಿಂದೆ ಎಳೆದ ಆ ಬಿಳಿ ಗೆರೆ, ಅದು ಹೊಗೆಯಲ್ಲ. ಎಂಜಿನ್ನಿಂದ ಬಂದ ನೀರಾವಿ ಮೇಲಿನ ಕೊರೆಯುವ ಚಳಿಯಲ್ಲಿ ಮಸಿಯ ಕಣಗಳ ಸುತ್ತ ಹೆಪ್ಪುಗಟ್ಟಿ ಆದ ಮಂಜುಗಡ್ಡೆಯ ಹರಳುಗಳು. ಗಾಳಿಯಲ್ಲಿ ತೇವ ಹೆಚ್ಚಿದ್ದರೆ ಈ ಗೆರೆ ಹರಡಿ ತೆಳು ಮೋಡವಾಗಿ ಗಂಟೆಗಟ್ಟಲೆ ಉಳಿಯುತ್ತದೆ, ಭೂಮಿಯಿಂದ ಮೇಲೆ ಹೋಗಬೇಕಾದ ಶಾಖವನ್ನು ಕಂಬಳಿಯಂತೆ ತಡೆಯುತ್ತದೆ. ಇದನ್ನೆಲ್ಲ ಸೇರಿಸಿದ 2021ರ ಪ್ರಮುಖ ಅಧ್ಯಯನವೊಂದರ ಪ್ರಕಾರ ಮನುಷ್ಯರಿಂದಾದ ತಾಪ ಒತ್ತಡದಲ್ಲಿ ವಿಮಾನಯಾನದ ಪಾಲು ಶೇ 3.5. ಅದರಲ್ಲಿ ಮೂರನೇ ಎರಡು ಭಾಗ ಇಂಗಾಲವಲ್ಲದ ಕಾರಣಗಳಿಂದ ಬರುವಂಥದ್ದು. ಇದರಲ್ಲೊಂದು ಒಳ್ಳೆಯ ಸುದ್ದಿ ಇದೆ: ಕೆಲವೇ ಹಾರಾಟಗಳು ಈ ಮೋಡದ ಬಹುಪಾಲು ತಾಪಕ್ಕೆ ಕಾರಣ, ಎತ್ತರ ಸ್ವಲ್ಪ ಬದಲಿಸಿದರೆ ತಪ್ಪಿಸಬಹುದು. 2023ರಲ್ಲಿ ಗೂಗಲ್ ಮತ್ತು ಅಮೆರಿಕನ್ ಏರ್‌ಲೈನ್ಸ್ 70 ಹಾರಾಟಗಳಲ್ಲಿ ಪ್ರಯೋಗ ಮಾಡಿದಾಗ ಬಿಳಿ ಗೆರೆಗಳು ಶೇ 54ರಷ್ಟು ಕಡಿಮೆಯಾದವು. ಆದರೆ ಹಾಗೆ ಮಾಡಿ ಅಂತ ಇವತ್ತು ಕಂಪನಿಗಳನ್ನು ಒತ್ತಾಯಿಸುವ ಜಾಗತಿಕ ನಿಯಮ ಯಾವುದೂ ಇಲ್ಲ.

ಎಂಜಿನ್ ಸುಧಾರಿಸಿಲ್ಲವೇ? ಖಂಡಿತ ಸುಧಾರಿಸಿದೆ. 1990ಕ್ಕೆ ಹೋಲಿಸಿದರೆ ಒಬ್ಬ ಪ್ರಯಾಣಿಕರನ್ನು ಒಂದು ಕಿಲೋಮೀಟರ್ ಸಾಗಿಸಲು ಬೇಕಾದ ಶಕ್ತಿ ಅರ್ಧಕ್ಕಿಂತ ಕಡಿಮೆಯಾಗಿದೆ. ಅದೇ ಅವಧಿಯಲ್ಲಿ, ಕೋವಿಡ್‌ಗೆ ಮುಂಚೆ 2019ರ ಹೊತ್ತಿಗೆ, ಪ್ರಯಾಣ ನಾಲ್ಕು ಪಟ್ಟಾಯಿತು, ಒಟ್ಟು ಇಂಗಾಲ ಎರಡು ಪಟ್ಟಾಯಿತು. ಮೈಲೇಜ್ ಚೆನ್ನಾಗಿರೋ ಬೈಕ್ ಕೊಂಡವರು ಜಾಸ್ತಿ ಸುತ್ತುತ್ತಾರಲ್ಲ, ಹಾಗೆ.

ಯಾರ ದೇಶದ ಹೊಗೆ?

ನನ್ನ ಪ್ರಕಾರ ಇಡೀ ವಿಷಯದ ಗಂಟು ಇರುವುದು ಇಲ್ಲಿ. ಬೆಂಗಳೂರಿಂದ ಮುಂಬೈಗೆ ಹಾರಿದ ವಿಮಾನದ ಹೊಗೆ ಭಾರತದ ಖಾತೆಗೆ ಸೇರುತ್ತದೆ. ಬೆಂಗಳೂರಿಂದ ಫ್ರಾಂಕ್‌ಫರ್ಟ್‌ಗೆ ಹಾರಿದರೆ? ಭಾರತದ ಖಾತೆಗೂ ಇಲ್ಲ, ಜರ್ಮನಿಯ ಖಾತೆಗೂ ಇಲ್ಲ. ವಿಶ್ವಸಂಸ್ಥೆಗೆ ಕೊಡುವ ವರದಿಯಲ್ಲಿ ದೇಶಗಳು ಇದನ್ನು ಪ್ರತ್ಯೇಕವಾಗಿ ಒಂದು ಕಡೆ ನಮೂದಿಸುತ್ತವೆ, ಒಟ್ಟು ಮೊತ್ತಕ್ಕೆ ಕೂಡಿಸುವುದಿಲ್ಲ. ವಿಮಾನಗಳ ಒಟ್ಟು ಹೊಗೆಯಲ್ಲಿ ಸುಮಾರು ಶೇ 60 ಇಂಥ ಅಂತಾರಾಷ್ಟ್ರೀಯ ಹಾರಾಟಗಳದ್ದು.

1997ರ ಕ್ಯೋಟೋ ಒಪ್ಪಂದ ಮಾಡುವಾಗ ಇದನ್ನು ಹೇಗೆ ಹಂಚಬೇಕು ಅನ್ನೋದು ಬಗೆಹರಿಯಲಿಲ್ಲ. ಹೊರಟ ದೇಶಕ್ಕಾ, ಇಳಿದ ದೇಶಕ್ಕಾ, ಕಂಪನಿಯ ದೇಶಕ್ಕಾ, ಪ್ರಯಾಣಿಕರ ದೇಶಕ್ಕಾ? ಕೊನೆಗೆ ಮಾಂಟ್ರಿಯಲ್‌ನಲ್ಲಿರುವ ಅಂತಾರಾಷ್ಟ್ರೀಯ ನಾಗರಿಕ ವಿಮಾನಯಾನ ಸಂಸ್ಥೆಯ ಮೂಲಕ ನೋಡಿಕೊಳ್ಳಿ ಅಂತ ದಾಟಿಸಿದರು. 2015ರ ಪ್ಯಾರಿಸ್ ಒಪ್ಪಂದದ ಪಠ್ಯದಲ್ಲಿ ವಿಮಾನಯಾನದ ಹೆಸರೇ ಇಲ್ಲ.

ತೆರಿಗೆಯ ಕಥೆ ಇನ್ನೂ ಹಳೆಯದು. ಎರಡನೇ ಮಹಾಯುದ್ಧ ಮುಗಿಯುವ ಮುಂಚೆಯೇ, 1944ರ ಡಿಸೆಂಬರ್‌ನಲ್ಲಿ, ಐವತ್ತಕ್ಕೂ ಹೆಚ್ಚು ದೇಶಗಳ ಪ್ರತಿನಿಧಿಗಳು ಷಿಕಾಗೋದಲ್ಲಿ ಸೇರಿ ನಾಗರಿಕ ವಿಮಾನಯಾನದ ಒಪ್ಪಂದ ಮಾಡಿಕೊಂಡರು. ಅದರ 24ನೇ ವಿಧಿ ಹೇಳುವುದು ಇಷ್ಟೇ: ಬೇರೆ ದೇಶಕ್ಕೆ ಬಂದಿಳಿದ ವಿಮಾನದ ಟ್ಯಾಂಕಿನಲ್ಲಿರುವ ಇಂಧನಕ್ಕೆ ಆ ದೇಶ ಸುಂಕ ಹಾಕುವಂತಿಲ್ಲ. ಆಗಿನ್ನೂ ಎಳೆಗೂಸಾಗಿದ್ದ ಉದ್ಯಮಕ್ಕೆ ಅದು ನ್ಯಾಯವಾಗಿಯೂ ಇತ್ತು. ಆಮೇಲೆ ದೇಶ ದೇಶಗಳ ನಡುವೆ ಆದ ಸಾವಿರಾರು ದ್ವಿಪಕ್ಷೀಯ ಒಪ್ಪಂದಗಳು ಅದನ್ನು ಹಿಗ್ಗಿಸಿದವು, ಅಲ್ಲೇ ತುಂಬಿಸಿಕೊಂಡ ಇಂಧನಕ್ಕೂ ವಿನಾಯಿತಿ ಸಿಕ್ಕಿತು. ಎಂಬತ್ತು ವರ್ಷ ಕಳೆದರೂ ಎಳೆಗೂಸಿನ ರಿಯಾಯಿತಿ ಹಾಗೇ ಮುಂದುವರಿದಿದೆ.

ಇದನ್ನು ನಮ್ಮ ಬಸ್ಸಿನ ಪಕ್ಕದಲ್ಲಿಟ್ಟು ನೋಡಿ. ಕೆಎಸ್‌ಆರ್‌ಟಿಸಿ ಬಸ್ಸಿಗೆ ಹಾಕುವ ಡೀಸೆಲ್ಲಿಗೆ ಕೇಂದ್ರದ ಅಬಕಾರಿ ಸುಂಕ ಇದೆ, ಅದರ ಮೇಲೆ ರಾಜ್ಯದ ಮಾರಾಟ ತೆರಿಗೆ. 2025ರ ಏಪ್ರಿಲ್‌ನಲ್ಲಿ ರಾಜ್ಯ ಸರ್ಕಾರ ಅದನ್ನು ಶೇ 21.17ಕ್ಕೆ ಏರಿಸಿತು. ದೇಶದೊಳಗೆ ಹಾರುವ ವಿಮಾನದ ಇಂಧನಕ್ಕೂ ಭಾರತದಲ್ಲಿ ಸುಂಕ, ವ್ಯಾಟ್ ಎರಡೂ ಉಂಟು. ಈ ವಿಷಯದಲ್ಲಿ ನಾವು ಎಷ್ಟೋ ಶ್ರೀಮಂತ ದೇಶಗಳಿಗಿಂತ ಮುಂದಿದ್ದೇವೆ. ಆದರೆ ಅದೇ ನಿಲ್ದಾಣದಿಂದ ವಿದೇಶಕ್ಕೆ ಹಾರುವ ವಿಮಾನಕ್ಕೆ ಇಂಧನ ತುಂಬಿದರೆ ಕೇಂದ್ರದ ಅಬಕಾರಿ ಸುಂಕ ಇಲ್ಲ. ಚನ್ನಪಟ್ಟಣದಿಂದ ಬೆಂಗಳೂರಿಗೆ ಗಾರ್ಮೆಂಟ್ಸ್ ಕೆಲಸಕ್ಕೆ ಬರುವವರನ್ನು ಕೂರಿಸಿಕೊಂಡ ಬಸ್ಸು ಕಟ್ಟುವ ತೆರಿಗೆಯನ್ನು ರಜೆಗೆ ಯೂರೋಪಿಗೆ ಹಾರುವ ವಿಮಾನ ಕಟ್ಟುವುದಿಲ್ಲ. ಉಚಿತ ಭಾಗ್ಯ ಅಂತ ನಾವು ಯಾವುದನ್ನು ಕರೆಯುತ್ತಿದ್ದೇವೆ?

ಸರಿ, ಮಾಂಟ್ರಿಯಲ್ ಸಂಸ್ಥೆ ಏನು ಮಾಡಿತು? 2016ರಲ್ಲಿ ಕೋರ್ಸಿಯಾ ಎಂಬ ಯೋಜನೆ ತಂದಿತು. ಇದರಲ್ಲಿ ಕಂಪನಿಗಳು ಹೊಗೆ ಕಡಿಮೆ ಮಾಡಲೇಬೇಕು ಅಂತಿಲ್ಲ. 2019ರ ಮಟ್ಟದ ಶೇ 85ನ್ನು ಗೆರೆ ಅಂತ ಇಟ್ಟುಕೊಂಡು, ಅದರ ಮೇಲೆ ಹೋದಷ್ಟಕ್ಕೆ ಮಾತ್ರ ಬೇರೆಲ್ಲೋ ಕಾಡು ಉಳಿಸುವ, ಒಲೆ ಹಂಚುವ ಯೋಜನೆಗಳಿಂದ ಕಾರ್ಬನ್ ಕ್ರೆಡಿಟ್ ಕೊಂಡರೆ ಸಾಕು. ಗೆರೆಯ ಕೆಳಗಿನದ್ದೆಲ್ಲ ಮಾಫಿ. 2026ರವರೆಗೆ ಭಾಗವಹಿಸುವುದು ಆಯಾ ದೇಶದ ಇಷ್ಟ. 2027ರಿಂದ ಬಹುತೇಕ ದೇಶಗಳಿಗೆ ಕಡ್ಡಾಯ. ಭಾರತವೂ ಆಗಲೇ ಒಳಗೆ ಬರುವುದು.

ಅದಕ್ಕೂ ಮುಂಚೆ ಯೂರೋಪ್ ಒಂದು ಪ್ರಯತ್ನ ಮಾಡಿತ್ತು. ತನ್ನ ನೆಲಕ್ಕೆ ಬಂದುಹೋಗುವ ಎಲ್ಲ ವಿಮಾನಗಳೂ ಇಂಗಾಲಕ್ಕೆ ದುಡ್ಡು ಕಟ್ಟಬೇಕು ಅಂತ 2012ರಲ್ಲಿ ನಿಯಮ ತಂದಿತು. ಅಮೆರಿಕ, ಚೀನಾ, ಭಾರತ ಎಲ್ಲರೂ ತಿರುಗಿಬಿದ್ದರು. ನಮ್ಮ ಸರ್ಕಾರ ಭಾರತದ ಕಂಪನಿಗಳಿಗೆ ಪಾಲಿಸಬೇಡಿ ಅಂತ ಹೇಳಿತು. ಅದೇ ವರ್ಷ ನವೆಂಬರ್‌ನಲ್ಲಿ ಯೂರೋಪ್ ಹಿಂದೆ ಸರಿದು ತನ್ನ ಒಳಗಿನ ಹಾರಾಟಗಳಿಗಷ್ಟೇ ನಿಯಮ ಸೀಮಿತಗೊಳಿಸಿತು. ಭಾರತದ ವಾದ ಏನಿತ್ತು ಅಂದರೆ, ಇಷ್ಟು ವರ್ಷ ಆಕಾಶ ತುಂಬಿಸಿದವರು ನೀವು, ಬಿಲ್ ನಮಗೂ ಸಮವಾಗಿ ಯಾಕೆ? ಈ ವಾದ ನ್ಯಾಯವಾದದ್ದೇ, ಇವತ್ತಿಗೂ. ಆದರೆ ಅದರ ನೆರಳಿನಲ್ಲಿ ಕೂತು ಲಾಭ ಪಡೆದವರು ಬಸ್ಸಿನಲ್ಲಿ ಓಡಾಡುವ ಭಾರತೀಯರಲ್ಲ. ದೆಹಲಿ, ಬೆಂಗಳೂರುಗಳ ಪದೇ ಪದೇ ಹಾರುವ ವರ್ಗಕ್ಕೆ ಬಡ ಭಾರತದ ತಲೆವಾರು ಸರಾಸರಿ ಒಳ್ಳೆಯ ಗುರಾಣಿಯಾಯಿತು.

ಹವಾಯಿ ಚಪ್ಪಲಿಯ ಕನಸು

ಹಾಗಂತ ವಿಮಾನ ಶ್ರೀಮಂತರ ಚಟ ಅಷ್ಟೇ ಅಂತ ತಳ್ಳಿಹಾಕಲು ನನಗೆ ಮನಸ್ಸಿಲ್ಲ. ಗೊರೂರಿನ ಕ್ಯಾಪ್ಟನ್ ಗೋಪಿನಾಥ್ 2003ರಲ್ಲಿ ಏರ್ ಡೆಕ್ಕನ್ ಶುರು ಮಾಡಿ, ಒಂದು ರೂಪಾಯಿಗೂ ಟಿಕೆಟ್ ಮಾರಿದಾಗ ಮೊದಲ ಸಲ ವಿಮಾನ ಹತ್ತಿದ ಮನೆಗಳು ಈ ರಾಜ್ಯದಲ್ಲಿ ಎಷ್ಟೋ ಇವೆ. ಕರಾವಳಿಯ ಎಷ್ಟೋ ಊರುಗಳು ನಡೆಯುವುದು ಮಂಗಳೂರಿಂದ ಗಲ್ಫಿಗೆ ಹೋದವರು ಕಳಿಸುವ ದುಡ್ಡಿನಲ್ಲಿ. ಅವರಿಗೆ ಮನೆಗೆ ಬರಲು ಬೇರೆ ದಾರಿ ಇಲ್ಲ. ತೂಕದಲ್ಲಿ ಜಗತ್ತಿನ ವ್ಯಾಪಾರದ ಶೇ 1ಕ್ಕಿಂತ ಕಡಿಮೆ ಸರಕು ವಿಮಾನದಲ್ಲಿ ಹೋದರೂ ಬೆಲೆಯಲ್ಲಿ ಅದು ಮೂರನೇ ಒಂದು ಭಾಗ: ಔಷಧಿ, ಚಿಪ್ಪು, ಲಸಿಕೆ, ನಮ್ಮ ಬೆಂಗಳೂರು ಸುತ್ತಲಿನ ಗುಲಾಬಿ.

2016ರಲ್ಲಿ ಕೇಂದ್ರ ಉಡಾನ್ ಯೋಜನೆ ಘೋಷಿಸಿತು. ಹವಾಯಿ ಚಪ್ಪಲಿ ಹಾಕಿದವರೂ ವಿಮಾನ ಹತ್ತಬೇಕು ಅನ್ನೋದು ಪ್ರಧಾನಿಯ ಮಾತು. ಸಣ್ಣ ಊರುಗಳಿಗೆ ಹಾರುವ ಕಂಪನಿಗಳ ನಷ್ಟ ತುಂಬಿಕೊಡುವುದು, ಸುಮಾರು ಒಂದು ಗಂಟೆಯ ಹಾರಾಟದ ಅರ್ಧದಷ್ಟು ಸೀಟುಗಳಿಗೆ 2,500 ರೂಪಾಯಿ ಮಿತಿ ಹಾಕುವುದು. ಏನಾಯಿತು? 2023ರ ಸಿಎಜಿ ವರದಿ ನೋಡಿ. ಯೋಜನೆಯ ಮೊದಲ ಮೂರು ಸುತ್ತುಗಳಲ್ಲಿ ಕೊಟ್ಟ 774 ಮಾರ್ಗಗಳಲ್ಲಿ 403 ಶುರುವೇ ಆಗಲಿಲ್ಲ. ಶುರುವಾದ 371ರಲ್ಲಿ ಮೂರು ವರ್ಷದ ಸಬ್ಸಿಡಿ ಅವಧಿ ಪೂರೈಸಿದ್ದು 112. ಆಮೇಲೂ ಉಳಿದಿದ್ದು 54, ಅಂದರೆ ಕೊಟ್ಟದ್ದರಲ್ಲಿ ಶೇ 7. ಕಲಬುರಗಿಯಲ್ಲಿ 2019ರಲ್ಲಿ, ಶಿವಮೊಗ್ಗದಲ್ಲಿ 2023ರಲ್ಲಿ ನಿಲ್ದಾಣಗಳು ತೆರೆದವು. ನಿಲ್ದಾಣ ಕಟ್ಟಿಸಿದ ಶ್ರೇಯಸ್ಸಿಗೆ ಎಲ್ಲ ಪಕ್ಷಗಳೂ ಜಗಳ ಆಡುತ್ತವೆ. ಎಷ್ಟು ಮಾರ್ಗ ನಿಂತುಹೋಯಿತು ಅನ್ನೋ ಪ್ರಶ್ನೆಗೆ ಯಾರೂ ಬ್ಯಾನರ್ ಹಾಕಿಸುವುದಿಲ್ಲ.

ಇತ್ತ ದೊಡ್ಡ ಕಂಪನಿಗಳ ಕಣ್ಣು ಬೇರೆ ಕಡೆ ಇದೆ. 2023ರ ಫೆಬ್ರವರಿಯಲ್ಲಿ ಏರ್ ಇಂಡಿಯಾ 470 ವಿಮಾನಗಳಿಗೆ, ಜೂನ್‌ನಲ್ಲಿ ಇಂಡಿಗೋ 500 ವಿಮಾನಗಳಿಗೆ ಆರ್ಡರ್ ಪ್ರಕಟಿಸಿದವು.

ವಿಮಾನಯಾನ ಬೆಳೆದಂತೆ ಅದರ ಸುತ್ತಲಿನ ನೆಲವೂ ಬೇಕಾಗುತ್ತದೆ. ದೇವನಹಳ್ಳಿಯಲ್ಲಿ 2008ರಲ್ಲಿ ಶುರುವಾದ ಕೆಂಪೇಗೌಡ ನಿಲ್ದಾಣ ಸುಮಾರು 4,000 ಎಕರೆಯಲ್ಲಿದೆ. 2024-25ರಲ್ಲಿ ಅಲ್ಲಿ ಓಡಾಡಿದವರು 4 ಕೋಟಿಗೂ ಹೆಚ್ಚು. ಪಕ್ಕದ ಚನ್ನರಾಯಪಟ್ಟಣ ಹೋಬಳಿಯ 13 ಹಳ್ಳಿಗಳ 1,777 ಎಕರೆಯನ್ನು ಏರೋಸ್ಪೇಸ್ ಪಾರ್ಕಿಗೆ ಅಂತ ಸ್ವಾಧೀನ ಮಾಡಲು ಹೊರಟಾಗ ರೈತರು ಮೂರು ವರ್ಷಕ್ಕೂ ಹೆಚ್ಚು ಕಾಲ ಧರಣಿ ಕೂತರು. 2025ರ ಜುಲೈ 15ರಂದು ಮುಖ್ಯಮಂತ್ರಿ ಸಿದ್ದರಾಮಯ್ಯ ಸ್ವಾಧೀನ ಕೈಬಿಟ್ಟಿದ್ದಾಗಿ ಘೋಷಿಸಿದರು. ಬೆನ್ನಲ್ಲೇ ಆಂಧ್ರದ ಸಚಿವ ನಾರಾ ಲೋಕೇಶ್, ನಮ್ಮಲ್ಲಿ 8,000 ಎಕರೆ ಸಿದ್ಧ ಇದೆ ಬನ್ನಿ ಅಂತ ಉದ್ಯಮಗಳನ್ನು ಕರೆದರು. ಕಾಕತಾಳೀಯ ನೋಡಿ: ಶಕ್ತಿಯ 500 ಕೋಟಿಯ ಟಿಕೆಟ್ ಹರಿದ ಮರುದಿನವೇ ಈ ಘೋಷಣೆ.

ಹೊಸ ಇಂಧನ, ಹಳೆಯ ಪ್ರಶ್ನೆ

ಪರಿಹಾರ ಅಂತ ಉದ್ಯಮ ಹೆಚ್ಚಾಗಿ ತೋರಿಸುವುದು ಸುಸ್ಥಿರ ಇಂಧನವನ್ನು: ಕರಿದ ಎಣ್ಣೆ, ಕೃಷಿ ತ್ಯಾಜ್ಯ, ಎಥನಾಲ್‌ಗಳಿಂದ ಮಾಡುವ ವಿಮಾನ ಇಂಧನ. ತಂತ್ರಜ್ಞಾನ ನಿಜ, ಪ್ರಮಾಣ ಮಾತ್ರ ಸಾಸಿವೆ ಕಾಳು. 2024ರಲ್ಲಿ ಜಗತ್ತಿನ ವಿಮಾನ ಇಂಧನದಲ್ಲಿ ಇದರ ಪಾಲು ಶೇ 0.3. ಭಾರತ ಅಂತಾರಾಷ್ಟ್ರೀಯ ಹಾರಾಟಗಳಿಗೆ 2027ಕ್ಕೆ ಶೇ 1, 2028ಕ್ಕೆ ಶೇ 2, 2030ಕ್ಕೆ ಶೇ 5 ಬೆರೆಸುವ ಗುರಿ ಇಟ್ಟುಕೊಂಡಿದೆ. ಎಥನಾಲ್ ಅಂದರೆ ಕಬ್ಬು, ಕಬ್ಬು ಅಂದರೆ ನೀರು ಅನ್ನೋದನ್ನು ಮಂಡ್ಯದವರಿಗೆ, ಬೆಳಗಾವಿಯವರಿಗೆ ಹೇಳಿಕೊಡಬೇಕಿಲ್ಲ. ಬ್ಯಾಟರಿ ವಿಮಾನದ ಬಗ್ಗೆ ಉದ್ದ ಬರೆಯುವ ಅಗತ್ಯ ಕಾಣುವುದಿಲ್ಲ: ಒಂದು ಕೆಜಿ ಇಂಧನದಲ್ಲಿರುವ ಶಕ್ತಿಯ ಸಣ್ಣ ಚೂರು ಮಾತ್ರ ಒಂದು ಕೆಜಿ ಬ್ಯಾಟರಿಯಲ್ಲಿ ಹಿಡಿಯುತ್ತದೆ. ಸಣ್ಣ ದೂರಕ್ಕೆ ಆದೀತು, ಸ್ಯಾನ್ ಫ್ರಾನ್ಸಿಸ್ಕೋಗೆ ಆಗದು.

ಫ್ರಾನ್ಸ್ 2023ರಲ್ಲಿ, ರೈಲಿನಲ್ಲಿ ಎರಡೂವರೆ ಗಂಟೆಯೊಳಗೆ ತಲುಪಬಹುದಾದ ಕಡೆಗೆ ದೇಶೀಯ ವಿಮಾನ ನಿಷೇಧಿಸಿತು. ಭಾರಿ ಸುದ್ದಿಯಾಯಿತು, ನಿಂತಿದ್ದು ಮೂರೇ ಮಾರ್ಗ. ಅದೇ ಫ್ರಾನ್ಸಿನ ಇನ್ನೊಂದು ಕೆಲಸ ಅಷ್ಟು ಸುದ್ದಿಯಾಗಲಿಲ್ಲ. 2006ರಿಂದ ಅಲ್ಲಿ ಪ್ರತಿ ವಿಮಾನ ಟಿಕೆಟ್ಟಿನ ಮೇಲೆ ಒಂದು ಸಣ್ಣ ಸೆಸ್ ಇದೆ, ಬಿಸಿನೆಸ್ ಕ್ಲಾಸಿಗೆ ಹೆಚ್ಚು. ಅದರಿಂದ ಬಂದ ಹಣ ಯುನಿಟೇಡ್ ಎಂಬ ಸಂಸ್ಥೆಯ ಮೂಲಕ ಬಡ ದೇಶಗಳ ಎಚ್‌ಐವಿ, ಕ್ಷಯ, ಮಲೇರಿಯಾ ಔಷಧಿಗೆ ಹೋಗುತ್ತದೆ. ಇಂಧನಕ್ಕೆ ತೆರಿಗೆ ಹಾಕಲು ಒಪ್ಪಂದಗಳು ಅಡ್ಡ ಬರಬಹುದು, ಟಿಕೆಟ್ಟಿಗೆ ಹಾಕಲು ಬರುವುದಿಲ್ಲ ಅನ್ನೋದನ್ನು ಇದು ಇಪ್ಪತ್ತು ವರ್ಷದಿಂದ ತೋರಿಸುತ್ತಿದೆ. ಇದನ್ನೇ ಇನ್ನೊಂದು ಹೆಜ್ಜೆ ಮುಂದೆ ಒಯ್ದರೆ, ಪದೇ ಪದೇ ಹಾರುವವರ ಮೇಲಿನ ತೆರಿಗೆ: ವರ್ಷದ ಮೊದಲ ಪ್ರಯಾಣಕ್ಕೆ ಏನೂ ಇಲ್ಲ, ಆಮೇಲೆ ಹಾರಿದಷ್ಟೂ ಏರುತ್ತಾ ಹೋಗುತ್ತದೆ. ವರ್ಷಕ್ಕೊಮ್ಮೆ ದಮ್ಮಾಮ್‌ನಿಂದ ಮಂಗಳೂರಿಗೆ ಬರುವವರಿಗೆ ಹೊರೆ ಕಡಿಮೆ, ತಿಂಗಳಿಗೆ ನಾಲ್ಕು ಸಲ ಮೀಟಿಂಗಿಗೆ ಹಾರುವವರಿಗೆ ಹೆಚ್ಚು. ಆಧಾರ್, ಪಾನ್, ಡಿಜಿಯಾತ್ರಾ ಎಲ್ಲ ಕಟ್ಟಿದ ದೇಶಕ್ಕೆ ಯಾರು ಎಷ್ಟು ಸಲ ಹಾರಿದರು ಅಂತ ಎಣಿಸುವುದು ತಾಂತ್ರಿಕ ಸಮಸ್ಯೆ ಅಲ್ಲವೇ ಅಲ್ಲ.

ವಿಮಾನ ಕಂಪನಿಗಳು ಹೇಳುವ ಕಷ್ಟ ಸುಳ್ಳಲ್ಲ. ಜಾಗತಿಕವಾಗಿ ಅವರಿಗೆ ಒಬ್ಬ ಪ್ರಯಾಣಿಕರಿಂದ ಉಳಿಯುವ ನಿವ್ವಳ ಲಾಭ ಸರಾಸರಿ 7 ಡಾಲರ್ ಆಸುಪಾಸು. ನಿಲ್ದಾಣದಲ್ಲಿ ದೋಸೆ, ಕಾಫಿ ಮಾರುವವರ ಲಾಭ ಇದಕ್ಕಿಂತ ಚೆನ್ನಾಗಿರಬಹುದು. ಹಾಗಾಗಿ ತೆರಿಗೆ ಬಿದ್ದರೆ ಕಟ್ಟುವವರು ಪ್ರಯಾಣಿಕರೇ. ಪ್ರಶ್ನೆ ಇರುವುದು ಯಾವ ಪ್ರಯಾಣಿಕರು ಅನ್ನೋದರಲ್ಲಿ.

2025ರ ಜೂನ್‌ನಲ್ಲಿ ಸ್ಪೇನಿನ ಸೆವಿಲ್ಲೆಯಲ್ಲಿ ನಡೆದ ವಿಶ್ವಸಂಸ್ಥೆಯ ಅಭಿವೃದ್ಧಿ ಹಣಕಾಸು ಸಮಾವೇಶದಲ್ಲಿ ಫ್ರಾನ್ಸ್, ಸ್ಪೇನ್, ಕೀನ್ಯಾ, ಬಾರ್ಬಡೋಸ್ ಸೇರಿದಂತೆ ಕೆಲವು ದೇಶಗಳು ಬಿಸಿನೆಸ್ ಕ್ಲಾಸ್, ಫಸ್ಟ್ ಕ್ಲಾಸ್ ಮತ್ತು ಖಾಸಗಿ ಜೆಟ್ ಪ್ರಯಾಣಿಕರ ಮೇಲೆ ತೆರಿಗೆ ಹಾಕಲು ಒಂದು ಗುಂಪು ಕಟ್ಟಿಕೊಂಡವು. ಆ ಗುಂಪು ಶುರುವಾದಾಗ ಅದರಲ್ಲಿ ಭಾರತ ಇರಲಿಲ್ಲ.